ದುರ್ಗಿಗುಡಿಯ ಜೆರಾಕ್ಸ್ ಅಂಗಡಿ: ಸರಕು ಅಲ್ಲದಿದ್ದರೂ ಬೆಟ್ಟೆಗೆ ಮೋಸವಿಲ್ಲ

ಅಡಿಕೆ ಮಂಡಿಯಲ್ಲಿ ಲೆಕ್ಕ ಬರೆಯುವವನಿಗೆ ನಕ್ಷತ್ರ ಎಣಿಸಿ ಅಂಗಡಿಯ ಯೋಗ್ಯತೆ ಹೇಳಲು ಬರುವುದಿಲ್ಲ. ನಮ್ಮಲ್ಲಿರುವುದು ಅಡಿಕೆಯ ದರ್ಜೆ, ಮೇಲಿನಿಂದ ಕೆಳಕ್ಕೆ ಸರಕು, ಬೆಟ್ಟೆ, ರಾಶಿ, ಗೊರಬಲು. ಸರಕಿನ ಚೀಲ ಬಿಚ್ಚಿದರೆ ಖರೀದಿದಾರರು ಸುತ್ತ ನೆರೆಯುತ್ತಾರೆ. ಗೊರಬಲಿನ ಚೀಲ ಬಿಚ್ಚಿದರೆ ತಂದ ರೈತನೇ ಬೇರೆ ಕಡೆ ನೋಡುತ್ತಾನೆ. ಈ ಲೆಕ್ಕದಲ್ಲಿ ಶಿವಮೊಗ್ಗದ ದುರ್ಗಿಗುಡಿಯ ಅಡ್ಡರಸ್ತೆಯೊಂದರಲ್ಲಿರುವ ಆ ಜೆರಾಕ್ಸ್ ಅಂಗಡಿಯನ್ನು ನಾನು ಬೆಟ್ಟೆ ಎನ್ನುತ್ತೇನೆ. ಸರಕು ಎನ್ನಲು ಬಿಡದಂತೆ ಅಲ್ಲೊಂದು ನೋಟುಪುಸ್ತಕ ಇದೆ. ಅದರ ಮಾತು ಆಮೇಲೆ.

ಅಂಗಡಿಯ ಹೆಸರು ಬರೆಯುತ್ತಿಲ್ಲ. "ಹಾಕಬೇಡ ತಮ್ಮಾ, ಈಗಿರುವ ಸಾಲನ್ನೇ ಸಂಭಾಳಿಸಲು ಆಗುತ್ತಿಲ್ಲ" ಎಂದು ಅಂಗಡಿಯ ಅಕ್ಕ ಕೈಮುಗಿದಿದ್ದಾರೆ. ಹುಡುಕುವವರಿಗೆ ಗುರುತು ಇಷ್ಟು: ಒಂದೇ ಬಾಗಿಲು, ಹಳದಿ ಬೋರ್ಡು, ಅದರ ಮೇಲೆ ‘ಜೆರಾಕ್ಸ್, ಟೈಪಿಂಗ್, ಆನ್‌ಲೈನ್’ ಎಂಬ ಮೂರು ಪದ, ಮಳೆಗಾಲವಿಡೀ ಬಾಗಿಲ ಹೊರಗೆ ಒದ್ದೆ ಕೊಡೆಗಳ ಗುಡ್ಡೆ. ಒಳಗೆ ಎರಡು ಕಂಪ್ಯೂಟರ್, ಒಂದು ಪ್ರಿಂಟರ್, ಗುಡುಗುವ ಒಂದು ಹಳೆಯ ಜೆರಾಕ್ಸ್ ಯಂತ್ರ, ಗೋಡೆಗೆ ತಾಗಿಸಿದ ಬೆಂಚು. ಮದುವೆ ಪತ್ರಿಕೆ, ಮೊಬೈಲ್ ರೀಚಾರ್ಜ್, ರೈಲು ಟಿಕೆಟ್ ಯಾವುದೂ ಇಲ್ಲ. ಪದವಿ ಪ್ರವೇಶ, ಹಾಸ್ಟೆಲ್, ವಿದ್ಯಾರ್ಥಿವೇತನ, ಸಿಇಟಿ, ಪರೀಕ್ಷಾ ಶುಲ್ಕ, ಹೀಗೆ ಓದುವ ಮಕ್ಕಳ ಅರ್ಜಿಯೇ ಅಲ್ಲಿನ ವ್ಯಾಪಾರ.

ಅರ್ಜಿ ತುಂಬಿಸುವ ಅಂಗಡಿಗೂ ವಿಮರ್ಶೆ ಬೇಕೇ ಎಂದು ನನ್ನ ಮಂಡಿಯ ಯಜಮಾನರು ನಕ್ಕರು. ಅವರ ಮನೆಯಲ್ಲಿ ಒಬ್ಬರು ಎಂಜಿನಿಯರು, ಒಬ್ಬರು ವಕೀಲರು. ಅಂಥ ಮನೆಯಲ್ಲಿ ಅರ್ಜಿ ರಾತ್ರಿ ಊಟ ಮುಗಿಸಿ ಕೈತೊಳೆದುಕೊಂಡು ಬರುವಷ್ಟರಲ್ಲಿ ತುಂಬಿಹೋಗಿರುತ್ತದೆ. ನಮ್ಮ ಮನೆಯಲ್ಲಿ ನನಗಿಂತ ಮೊದಲು ಕಾಲೇಜಿನ ಮೆಟ್ಟಿಲು ಹತ್ತಿದವರಿಲ್ಲ. ಅಮ್ಮ ನಾಲ್ಕನೆಯ ತರಗತಿ, ಅಪ್ಪ ಏಳು. ಎಸ್‌ಎಸ್‌ಎಲ್‌ಸಿಯಲ್ಲಿ ನನಗೆ ಬಂದ ಅಂಕ ಜಾಸ್ತಿಯೋ ಕಮ್ಮಿಯೋ ಎಂಬುದನ್ನು ಅಪ್ಪ ಬಸ್ಸಿನ ಕಂಡಕ್ಟರನ್ನು ಕೇಳಿ ತಿಳಿದುಕೊಂಡಿದ್ದ.

ನಾವು ಶರಾವತಿ ಹಿನ್ನೀರಿನ ಆಚೆ ದಡದವರು, ತುಮರಿ ಕಡೆ. ಅಜ್ಜ ಗೇಣಿ ಮಾಡುತ್ತಿದ್ದ ಗದ್ದೆ 1964ರ ಲಿಂಗನಮಕ್ಕಿ ಅಣೆಕಟ್ಟಿನ ನೀರಿನಡಿ ಹೋಯಿತು. ಹತ್ತು ವರ್ಷ ಕಳೆದು 1974ರಲ್ಲಿ ಉಳುವವನೇ ಹೊಲದೊಡೆಯ ಎಂಬ ಕಾನೂನು ಬಂದಾಗ ಒಡೆಯನಾಗಲು ಅಜ್ಜನ ಬಳಿ ಹೊಲ ಇರಲಿಲ್ಲ, ನೀರಿತ್ತು. ಗುಡ್ಡದ ಮೇಲೆ ಕಾಡಂಚಿನಲ್ಲಿ ಮನೆ ಕಟ್ಟಿಕೊಂಡು, ಮುಕ್ಕಾಲು ಎಕರೆ ಅಡಿಕೆ ಹಾಕಿಕೊಂಡು ಕೂತ. ಆ ಜಾಗಕ್ಕೆ ಇಂದಿಗೂ ಹಕ್ಕುಪತ್ರ ಇಲ್ಲ. ಜೆರಾಕ್ಸ್ ಅಂಗಡಿಯ ವಿಚಾರದಲ್ಲಿ ಇದೆಲ್ಲ ಯಾಕೆ ಎಂದರೆ, ಅರ್ಜಿಯ ಮೂರನೆಯ ಪುಟಕ್ಕೆ ಬರುವಷ್ಟರಲ್ಲಿ ಈ ಹಕ್ಕುಪತ್ರ ಅಡ್ಡಗಾಲು ಹಾಕುತ್ತದೆ.

ನಾನು ಬಿ.ಕಾಂ. ಸೇರಿದ್ದು 2019ರಲ್ಲಿ. ಕಾಲೇಜು ಹಿಂದುಳಿದ ವರ್ಗದ ಮಕ್ಕಳಿಗೆ ವಿದ್ಯಾರ್ಥಿವೇತನದ ಅರ್ಜಿ ಹಾಕಲು ಹೇಳಿತು. ರಾಜ್ಯ ವಿದ್ಯಾರ್ಥಿವೇತನದ ಎಸ್‌ಎಸ್‌ಪಿ ಜಾಲತಾಣದಲ್ಲಿ ಕಾಲೇಜು ಮಕ್ಕಳ ಅರ್ಜಿ ಶುರುವಾಗಿದ್ದೂ ಆ ಶೈಕ್ಷಣಿಕ ವರ್ಷವೇ, ಮೇಷ್ಟರಿಗೂ ಹೊಸತು. ನಾನು ಹೋದದ್ದು ದುರ್ಗಿಗುಡಿಗಲ್ಲ, ಬೇರೊಂದು ಅಂಗಡಿಗೆ. ಅಲ್ಲಿನ ಹುಡುಗ ಕಿವಿಗೆ ಇಯರ್‌ಫೋನ್ ಸಿಕ್ಕಿಸಿಕೊಂಡು ಪರದೆಯನ್ನು ತನ್ನ ಕಡೆಗೇ ತಿರುಗಿಸಿಕೊಂಡಿದ್ದ. "ಹಾಸ್ಟೆಲ್ ಸಿಕ್ಕಿದೆಯಾ?" ಎಂದ. "ಇಲ್ಲ" ಎಂದೆ. ಮುಂದಿನ ಪ್ರಶ್ನೆ ಕೇಳಲಿಲ್ಲ. ನೂರೈವತ್ತು ರೂಪಾಯಿ ತೆಗೆದುಕೊಂಡು ಒಂದು ಕಾಗದ ಕೈಗಿಟ್ಟ. ನಾನು ಅದನ್ನು ನಾಲ್ಕಾಗಿ ಮಡಚಿ ಜೇಬಿಗಿಟ್ಟುಕೊಂಡು, ಸರ್ಕಾರ ನನ್ನನ್ನು ಗುರುತಿಸಿತು ಎಂಬ ಜಂಬದಲ್ಲಿ ರೂಮಿಗೆ ನಡೆದೆ.

ಹಾಸ್ಟೆಲ್ ಸಿಗದ ಹಿಂದುಳಿದ ವರ್ಗದ ವಿದ್ಯಾರ್ಥಿಗಳಿಗೆ ಊಟ-ವಸತಿಗೆಂದು ‘ವಿದ್ಯಾಸಿರಿ’ ಇದೆ: ಆಗ ತಿಂಗಳಿಗೆ 1,500 ರೂಪಾಯಿಯಂತೆ ಹತ್ತು ತಿಂಗಳು. ವರ್ಷಕ್ಕೆ 15,000. ನನ್ನ ರೂಮಿನ ಬಾಡಿಗೆಯ ಪಾಲು ಆಗ 1,200. ಅಂದರೆ ನನ್ನ ತಲೆಯ ಮೇಲಿನ ಸೂರು ಪೂರ್ತಿ ಆ ದುಡ್ಡಿನಲ್ಲೇ ನಿಲ್ಲಬಹುದಿತ್ತು. ವಿದ್ಯಾಸಿರಿ ಎಂಬ ಪದವೇ ನನ್ನ ಕಿವಿಗೆ ಬಿದ್ದಿರಲಿಲ್ಲ.

ಮರುವರ್ಷ ಗೆಳೆಯನೊಬ್ಬ ದುರ್ಗಿಗುಡಿಗೆ ಎಳೆದುಕೊಂಡು ಹೋದ. ಅಕ್ಕ ಹಳೆಯ ಅರ್ಜಿಯ ಕಾಗದ ಕೇಳಿದರು. ಅಂಗಡಿ ತುಂಬ ಜನ ಇದ್ದರೂ ಅದನ್ನು ಮೇಜಿನ ಮೇಲೆ ಹರಡಿ, ಮಡಿಕೆಯ ಗೆರೆಗಳನ್ನು ಅಂಗೈಯಿಂದ ತೀಡಿ, ಸಾಲು ಸಾಲಾಗಿ ಓದಿದರು. ಒಂದು ಸಾಲಿನ ಮೇಲೆ ಬೆರಳು ನಿಂತಿತು.

"ಊರು ತುಮರಿ ಎಂದಿದೆ. ಕಾಲೇಜಿಗೆ ದಿನಾ ಮನೆಯಿಂದಲೇ ಬರುತ್ತೀಯಾ?"

"ಇಲ್ಲ ಅಕ್ಕ, ರೂಮು ಮಾಡಿದ್ದೇನೆ."

"ಇಲ್ಲಿ ದಿನಾ ಮನೆಯಿಂದ ಓಡಾಡುತ್ತಾನೆ ಎಂದು ಬರೆದುಬಿಟ್ಟಿದ್ದಾರಲ್ಲೋ."

ನೂರು ಕಿಲೋಮೀಟರ್‌ಗೂ ಹೆಚ್ಚು ದೂರ, ನಡುವೆ ಒಂದು ಹೊಳೆ, ಹೊಳೆ ದಾಟಲು ಲಾಂಚು. ಸಂಜೆಯ ಕೊನೆಯ ಲಾಂಚು ತಪ್ಪಿದರೆ ಲಾಂಚು ಹತ್ತುವ ಹೊಳೆಬಾಗಿಲಿನಲ್ಲೇ ರಾತ್ರಿ. ನಾನು ದಿನವೂ ಅದನ್ನೆಲ್ಲ ದಾಟಿ ಒಂಬತ್ತೂವರೆಯ ಅಕೌಂಟೆನ್ಸಿ ಪಾಠಕ್ಕೆ ಹಾಜರಾಗುತ್ತಿದ್ದೇನೆ ಎಂದು ಸರ್ಕಾರದ ಕಡತದಲ್ಲಿ ಒಂದು ವರ್ಷ ದಾಖಲಾಗಿತ್ತು. ಬೆಂಚಿನ ಮೇಲಿದ್ದವರೆಲ್ಲ ನಕ್ಕರು, ನಾನೂ ನಕ್ಕೆ. ಹದಿನೈದು ಸಾವಿರದ ಲೆಕ್ಕ ರಾತ್ರಿ ಮಲಗಿದ ಮೇಲೆ ಹತ್ತಿತು.

ಅಲ್ಲಿಗೂ ಮುಗಿಯಲಿಲ್ಲ. ಅರ್ಜಿಯಲ್ಲಿ ಕೇಳಿದ್ದ ಶುಲ್ಕದ ಮೊತ್ತವಾದರೂ ಬರಬೇಕಿತ್ತಲ್ಲ, ಅದೂ ಬಂದಿರಲಿಲ್ಲ. ಪಾಸ್‌ಬುಕ್ ತೋರಿಸಿದೆ. ಅಕ್ಕ ಪಾಸ್‌ಬುಕ್ ನೋಡಲೇ ಇಲ್ಲ. ಆಧಾರ್ ಜಾಲತಾಣ ತೆರೆದು ನನ್ನ ಆಧಾರ್ ಯಾವ ಬ್ಯಾಂಕಿಗೆ ಜೋಡಣೆಯಾಗಿದೆ ಎಂದು ನೋಡಿದರು. ನನ್ನದಲ್ಲದ ಬ್ಯಾಂಕಿನ ಹೆಸರು ಬಂತು. ಮೊಬೈಲ್ ಸಿಮ್ ಕೊಳ್ಳುವಾಗ ರಸ್ತೆಬದಿಯ ಕೊಡೆಯಡಿ ಎರಡು ಸಲ ಹೆಬ್ಬೆಟ್ಟು ಒತ್ತಿಸಿಕೊಂಡಿದ್ದರು. ಒಂದು ಸಿಮ್ಮಿಗೆ, ಇನ್ನೊಂದು ನಾನು ಕೇಳದ ಖಾತೆಯೊಂದಕ್ಕೆ. ವಿದ್ಯಾರ್ಥಿವೇತನದ ದುಡ್ಡು ಅರ್ಜಿಯಲ್ಲಿ ಬರೆದ ಖಾತೆಗೆ ಹೋಗುವುದಿಲ್ಲ, ಆಧಾರ್ ಕೊನೆಯದಾಗಿ ಯಾವ ಖಾತೆಗೆ ಜೋಡಣೆಯಾಗಿದೆಯೋ ಅಲ್ಲಿಗೆ ಹೋಗುತ್ತದೆ. "ದುಡ್ಡು ಬಂದಿದೆಯೋ ಮಾರಾಯ, ನಿನಗೇ ಗೊತ್ತಿಲ್ಲದ ನಿನ್ನ ಮನೆಗೆ ಹೋಗಿ ಕೂತಿದೆ" ಎಂದರು. ಆ ದುಡ್ಡು ಬಿಡಿಸಿಕೊಳ್ಳಲು ಮೂರು ವಾರ ಅಲೆದೆ. ಸಿಕ್ಕಿತು. ಅಕ್ಕ ಇದಕ್ಕೆ ತೆಗೆದುಕೊಂಡಿದ್ದು ಎರಡು ಪ್ರಿಂಟಿನ ಹತ್ತು ರೂಪಾಯಿ.

ಅಲ್ಲಿಂದ ಡಿಗ್ರಿ ಮುಗಿಯುವವರೆಗೆ ನಾನು ಆ ಅಂಗಡಿಯ ಗಿರಾಕಿ. ಈಗ ಅಲ್ಲಿನ ಕೆಲಸದ ರೀತಿ ಹೇಳುತ್ತೇನೆ.

ದರಪಟ್ಟಿ ಗೋಡೆಯ ಮೇಲೇ ಇದೆ, ದಪ್ಪ ಅಕ್ಷರದಲ್ಲಿ. ಜೆರಾಕ್ಸ್ ಎರಡು ರೂಪಾಯಿ, ಪ್ರಿಂಟ್ ಐದು, ವಿದ್ಯಾರ್ಥಿವೇತನದ ಅರ್ಜಿ ನೂರು, ಪದವಿ ಪ್ರವೇಶ ನೂರು. ಕೊನೆಯ ದಿನಾಂಕ ಹತ್ತಿರ ಬಂತೆಂದು ದರ ಏರುವುದಿಲ್ಲ. ಇದು ಸಣ್ಣ ಮಾತಲ್ಲ. ಕೊನೆಯ ಎರಡು ದಿನ ಮುನ್ನೂರು ಕಿತ್ತವರನ್ನೂ ಇದೇ ಊರಿನಲ್ಲಿ ಕಂಡಿದ್ದೇನೆ. ಅಜ್ಜ ಕೊಳಗದ ಕತೆ ಹೇಳುತ್ತಿದ್ದ. ಗೇಣಿ ಭತ್ತ ಅಳೆಯಲು ಒಡೆಯರ ಮನೆಯಲ್ಲಿದ್ದ ಕೊಳಗ ಊರಿನ ಕೊಳಗಕ್ಕಿಂತ ದೊಡ್ಡದು. ಸಾಗರ ತಾಲ್ಲೂಕಿನ ಕಾಗೋಡಿನಲ್ಲಿ 1951ರಲ್ಲಿ ರೈತರು ತಿರುಗಿಬಿದ್ದದ್ದರ ಹಿಂದೆ ಆ ಅಳತೆಯ ಸಿಟ್ಟಿತ್ತು. ಕೊಳಗ ಎಲ್ಲರ ಕಣ್ಣೆದುರು ಇರಬೇಕು ಎನ್ನುವುದು ಅಜ್ಜನ ಮಾತು. ಗೋಡೆಯ ದರಪಟ್ಟಿ ನೋಡಿದಾಗಲೆಲ್ಲ ನನಗೆ ಅವನ ನೆನಪು.

ಅದೇ ಪಟ್ಟಿಯ ಕೊನೆಯ ಸಾಲು: ‘ನೀವೇ ತುಂಬಿದರೆ ಐವತ್ತು.’

ಮೊದಲ ಸಲ ಅಕ್ಕ ತುಂಬುತ್ತಾರೆ, ಪರದೆ ನಮ್ಮ ಕಡೆಗೆ ತಿರುಗಿರುತ್ತದೆ. ಒಂದೊಂದು ಸಾಲನ್ನೂ ಗಟ್ಟಿಯಾಗಿ ಓದುತ್ತಾರೆ. ಎರಡನೆಯ ವರ್ಷ ಹೋದರೆ ಎದ್ದು ನಿಂತು, ತಾವು ಕೂತಿದ್ದ ಕುರ್ಚಿ ತೋರಿಸಿ, "ಕೂತುಕೋ, ಮೌಸ್ ಹಿಡಿ" ಎನ್ನುತ್ತಾರೆ. ನನಗೆ ಆ ದಿನ ಕೈ ಬೆವೆತು ಮೌಸ್ ಜಾರುತ್ತಿತ್ತು. ಹಿಂದೆ ಐದಾರು ಜನ ಕಾಯುತ್ತಿದ್ದರು. ಅಕ್ಕ ಪಕ್ಕದಲ್ಲಿ ಜೆರಾಕ್ಸ್ ಮಾಡುತ್ತಲೇ ಓರೆಗಣ್ಣಿನಲ್ಲಿ ನೋಡುತ್ತಿದ್ದರು. ಆದಾಯ ಪ್ರಮಾಣಪತ್ರದ ಆರ್‌ಡಿ ಸಂಖ್ಯೆ ಹಾಕುವಾಗ ಸೊನ್ನೆಯ ಜಾಗದಲ್ಲಿ ‘ಓ’ ಒತ್ತಿದೆ. ಅವರು ಏನೂ ಹೇಳಲಿಲ್ಲ. ಜಾಲತಾಣ ಕೆಂಪು ಅಕ್ಷರದಲ್ಲಿ ಬೈಯಿತು. ಮತ್ತೊಮ್ಮೆ ಒತ್ತಿದೆ, ಮತ್ತೆ ಕೆಂಪು. ಮೂರನೆಯ ಸಲಕ್ಕೆ ಪ್ರಮಾಣಪತ್ರವನ್ನು ಕಣ್ಣಿಗೆ ಹತ್ತಿರ ಹಿಡಿದು ನೋಡಿದಾಗ ಸೊನ್ನೆಯ ಹೊಟ್ಟೆ ಓ ಅಕ್ಷರದ ಹೊಟ್ಟೆಗಿಂತ ಸಣ್ಣದೆಂದು ತಿಳಿಯಿತು. ಸಂಖ್ಯೆ ಸರಿಯಾಗಿ ಬಿದ್ದೊಡನೆ ಅಪ್ಪನ ಹೆಸರು, ಹೋಬಳಿ, ಆದಾಯ ಎಲ್ಲ ತಾವಾಗಿಯೇ ಬಂದು ಕೂತವು. ಮಂಡಿಯಲ್ಲಿ ಇಂದು ನಾನು ಕೋಟಿಗಟ್ಟಲೆ ವಹಿವಾಟಿನ ಲೆಕ್ಕ ಬರೆಯುತ್ತೇನೆ, ಆದರೆ ಅಂಥ ಸುಖದ ನಮೂದು ಆಮೇಲೆ ಬರೆದಿಲ್ಲ.

ನನ್ನ ಗೆಳೆಯನೊಬ್ಬನಿಗೆ ಇದು ಹಿಡಿಸಲಿಲ್ಲ. ದುಡ್ಡು ಕೊಟ್ಟು ಕೆಲಸ ನಾನೇ ಮಾಡಬೇಕೇ ಎಂದ. ಅವನ ಮಾತನ್ನೂ ತೆಗೆದುಹಾಕುವಂತಿಲ್ಲ. ತುರ್ತಿನಲ್ಲಿ ಓಡಿಬಂದವರಿಗೆ ಈ ಪಾಠ ಬೇಡ. ಅಂಥವರು ಮೊದಲೇ ಹೇಳಿದರೆ ಅಕ್ಕನೇ ಮಾಡಿಕೊಡುತ್ತಾರೆ, ಮುಖ ಮಾತ್ರ ಸ್ವಲ್ಪ ಊದುತ್ತದೆ.

ಕಾಗದಪತ್ರದ ಬಗ್ಗೆ ಅವರ ಕಟ್ಟುನಿಟ್ಟು ಮಲೆನಾಡಿನವರಿಗೆ ಬೇಕಾದದ್ದೇ. ನಮ್ಮ ಕಡೆ ಜುಲೈ ಆಗಸ್ಟಿನಲ್ಲಿ ಗೋಡೆಗೂ ಬೂಷ್ಟು, ಚಪ್ಪಲಿಗೂ ಬೂಷ್ಟು. ಅಮ್ಮ ನನ್ನ ಅಂಕಪಟ್ಟಿಗಳನ್ನು ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿ ಒಲೆಯ ಮೇಲಿನ ಅಟ್ಟದಲ್ಲಿ ಇಟ್ಟಿದ್ದಳು. ಬೂಷ್ಟು ಬರಲಿಲ್ಲ, ಅದರ ಬದಲು ಹೊಗೆ ಕುಡಿದು ಕಂದು ಬಣ್ಣಕ್ಕೆ ತಿರುಗಿದ್ದವು. ಅಕ್ಕ ಕವರು ಬಿಚ್ಚಿದ್ದೇ ಮೂಸಿ, "ಹಿನ್ನೀರಿನ ಕಡೆಯವರಾ?" ಎಂದಿದ್ದರು. ಲ್ಯಾಮಿನೇಶನ್ ಯಂತ್ರ ಮೂಲೆಯಲ್ಲೇ ಇದೆ, ಆದರೆ ಅಂಕಪಟ್ಟಿಯನ್ನು ಎಷ್ಟು ಬೇಡಿದರೂ ಲ್ಯಾಮಿನೇಟ್ ಮಾಡುವುದಿಲ್ಲ. ಮುಂದೆ ಯಾವುದಾದರೂ ಕಚೇರಿ ಅದರ ಬೆನ್ನಿನ ಮೇಲೆ ಮೊಹರು ಹಾಕಬೇಕೆಂದರೆ ಏನು ಮಾಡುತ್ತೀರಿ ಎಂದು ಕೇಳಿ ವಾಪಸು ಕೊಡುತ್ತಾರೆ. ಕೈಗೆ ಬರುವ ದುಡ್ಡನ್ನು ಹೀಗೆ ಬಿಡುವ ವ್ಯಾಪಾರಿಯನ್ನು ಮಂಡಿಯಲ್ಲಂತೂ ನಾನು ಕಂಡಿಲ್ಲ.

ಗೋಡೆಯ ಮೇಲೆ ಸ್ಕೆಚ್ ಪೆನ್ನಿನಲ್ಲಿ ಬರೆದ ಚೀಟಿಗಳಿವೆ. ‘ಸಿಇಟಿ ಬರೆಯುವವರು: ಒಂದರಿಂದ ಹತ್ತರವರೆಗೆ ಹಳ್ಳಿಯಲ್ಲಿ ಓದಿದ್ದರೆ ಗ್ರಾಮೀಣ, ಕನ್ನಡದಲ್ಲಿ ಓದಿದ್ದರೆ ಕನ್ನಡ ಮಾಧ್ಯಮ, ಎರಡೂ ಪ್ರಮಾಣಪತ್ರ ಮೊದಲೇ ಮಾಡಿಸಿ.’ ಗ್ರಾಮೀಣರಿಗೆ ಶೇಕಡ 15, ಕನ್ನಡ ಮಾಧ್ಯಮದವರಿಗೆ ಶೇಕಡ 5 ಸೀಟು ಮೀಸಲಿರುವುದು ನನಗೆ ತಿಳಿದದ್ದು ಆ ಚೀಟಿಯಿಂದ, ಅದೂ ಬಿ.ಕಾಂ. ಎರಡನೆಯ ವರ್ಷದಲ್ಲಿ, ಸಾಲಿನಲ್ಲಿ ನಿಂತು ಬೇಸರವಾಗಿ ಗೋಡೆ ಓದುವಾಗ. ನಾನು ಎಂಜಿನಿಯರ್ ಆಗುತ್ತಿದ್ದೆ ಎಂದು ಹೇಳುತ್ತಿಲ್ಲ. ಗಣಿತದಲ್ಲಿ ನನ್ನ ಯೋಗ್ಯತೆ ನನಗೆ ಗೊತ್ತು. ಪಿಯುಸಿಯಲ್ಲಿ ವಿಜ್ಞಾನ ತೆಗೆದುಕೊಳ್ಳಬಹುದಿತ್ತೇ ಎಂದಾದರೂ ಯೋಚಿಸುತ್ತಿದ್ದೆನೇನೋ.

ಇನ್ನು ತಂಗಿಯ ವಿಷಯ. ಕಳೆದ ವರ್ಷ, 2025ರಲ್ಲಿ, ಅವಳು ಬಿ.ಎಸ್ಸಿ. ಸೇರಿದಳು. ಅವಳ ಕಾಲಕ್ಕೆ ಎಲ್ಲ ಬದಲಾಗಿದೆ. ಪ್ರವೇಶದ ಅರ್ಜಿ ಯುಯುಸಿಎಂಎಸ್ ಎಂಬ ಇನ್ನೊಂದು ಜಾಲತಾಣದಲ್ಲಿ. ನಡುವೆ ನಾಲ್ಕು ವರ್ಷದ ಡಿಗ್ರಿ ಬಂದು ಮತ್ತೆ ಮೂರಕ್ಕೆ ಇಳಿದಾಗಿದೆ. ಹೊಳೆಗೂ ಸೇತುವೆಯಾಗಿದೆ. ಜುಲೈನಲ್ಲಿ ಅಂಬಾರಗೋಡ್ಲು-ಕಳಸವಳ್ಳಿ ಸೇತುವೆ ತೆರೆದಾಗ, ನಾನು ಲಾಂಚಿಗಾಗಿ ಕಾದ ಗಂಟೆಗಳನ್ನು ಕೂಡಿಸಿದರೆ ಇನ್ನೊಂದು ಡಿಗ್ರಿ ಆಗುತ್ತಿತ್ತು ಎಂದು ಅಪ್ಪ ಹೇಳಿದ. ಸರ್ಕಾರಿ ಬಸ್ಸಿನಲ್ಲಿ ಹೆಂಗಸರಿಗೆ ಟಿಕೆಟ್ಟಿಗೆ ದುಡ್ಡಿಲ್ಲ, ನಿಜ. ನಮ್ಮ ಕಡೆ ಓಡುವವು ಹೆಚ್ಚಿನವು ಖಾಸಗಿ ಬಸ್ಸು, ಹಾಗಾಗಿ ತಂಗಿಯ ಪ್ರಯಾಣಕ್ಕೆ ದುಡ್ಡು ಬೇಕೇ ಬೇಕು.

ಈ ಸಲ ನನಗೆ ಎಲ್ಲ ಗೊತ್ತು ಎಂದು ಹೊರಟಿದ್ದೆ. ನಾನು ಮೊದಲನೆಯವನು, ಅವಳು ಎರಡನೆಯವಳು, ಕೇಳಲು ಅವಳಿಗೆ ಅಣ್ಣನಿದ್ದಾನೆ. ಮಂಡಿಯ ಕಂಪ್ಯೂಟರಿನಲ್ಲಿಯೇ ಅರ್ಜಿ ಶುರುಮಾಡಿದೆ. ಒಟಿಪಿಯಲ್ಲಿ ಸಿಕ್ಕಿಬಿದ್ದೆ. ತಂಗಿಯ ಆಧಾರ್ ಮಾಡಿಸಿದ್ದು ಅವಳು ಚಿಕ್ಕವಳಿದ್ದಾಗ, ಅದಕ್ಕೆ ಕೊಟ್ಟಿದ್ದು ಅಪ್ಪನ ಮೊಬೈಲ್ ಸಂಖ್ಯೆ. ಒಟಿಪಿ ಹೋಗುವುದು ಅಪ್ಪನ ಫೋನಿಗೆ. ಅಪ್ಪ ಇರುವುದು ತೋಟದಲ್ಲಿ. ತೋಟದಲ್ಲಿ ನೆಟ್‌ವರ್ಕ್ ಇಲ್ಲ. ಮನೆಯ ಹಿಂದಿನ ಗುಡ್ಡ ಹತ್ತಿ, ಒಂದು ನಿರ್ದಿಷ್ಟ ಹೊನ್ನೆ ಮರದ ಬುಡದಲ್ಲಿ ನಿಂತರೆ ಎರಡು ಕಡ್ಡಿ ಬರುತ್ತದೆ. ಹತ್ತು ನಿಮಿಷಕ್ಕೆ ಒಟಿಪಿ ಸಾಯುತ್ತದೆ. ಗುಡ್ಡ ಹತ್ತಲು ಅಪ್ಪನಿಗೆ ಹದಿನೈದು ನಿಮಿಷ. ಮೂರು ಸಲ ಪ್ರಯತ್ನಿಸಿ ಸೋತು ತಂಗಿಯನ್ನು ಕರೆದುಕೊಂಡು ದುರ್ಗಿಗುಡಿಗೆ ಹೋದೆ.

ಅಕ್ಕ ನಗಲಿಲ್ಲ, ಬೈಯಲೂ ಇಲ್ಲ. ಇದು ಅವರಿಗೆ ದಿನನಿತ್ಯದ ಮಾತು. ಗೋಡೆಯ ಕ್ಯಾಲೆಂಡರ್ ನೋಡಿ, "ನಾಳೆ ಬೆಳಿಗ್ಗೆ ಏಳೂಕಾಲು. ಅಪ್ಪನಿಗೆ ಇವತ್ತು ರಾತ್ರಿಯೇ ಹೇಳಿಡು, ಏಳಕ್ಕೆ ಮರದ ಹತ್ತಿರ ಇರಲಿ. ನಾನು ಅಂಗಡಿ ಬೇಗ ತೆಗೆಯುತ್ತೇನೆ" ಎಂದರು. ಮರುದಿನ ಏಳಕ್ಕೆ ಶಟರ್ ಅರ್ಧ ಎತ್ತಿತ್ತು. ಅಪ್ಪ ಸಿದ್ಧನಾಗಿ ನಿಂತಿದ್ದ. ಫೋನಿನಲ್ಲಿ ಗಾಳಿಯ ಸದ್ದು ಕೇಳುತ್ತಿತ್ತು. ಒಟಿಪಿ ಬಂತು. ಅಪ್ಪನಿಗೆ ಆರು ಅಂಕಿಗಳನ್ನು ಒಟ್ಟಿಗೆ ಓದಿ ಅಭ್ಯಾಸವಿಲ್ಲ, ಒಂದೊಂದನ್ನೇ ಕನ್ನಡದಲ್ಲಿ ಹೇಳಿದ: ನಾಕು, ಸೊನ್ನೆ, ಒಂಬತ್ತು... ತಂಗಿ ಒತ್ತಿದಳು. "ಆಯಿತಾ? ಇನ್ನೂ ಇದೆಯಾ? ನಿಂತಿರಲಾ?" ಎಂದು ಅಪ್ಪ ಕೇಳುತ್ತಲೇ ಇದ್ದ. ಇನ್ನೂ ಎರಡು ಒಟಿಪಿ ಇದ್ದವು. ನಲವತ್ತು ನಿಮಿಷ ಆ ಮರದಡಿ ನಿಂತಿದ್ದ. ಕೊನೆಗೆ ಅಕ್ಕನೇ ಫೋನು ತೆಗೆದುಕೊಂಡು, "ಅಣ್ಣಾ, ಮುಗಿಯಿತು, ಇಳಿಯಿರಿ, ಜಾರುತ್ತದೆ ಜೋಕೆ" ಎಂದರು. ಮೊದಲು ತಂಗಿಯ ಆಧಾರಿಗೆ ಅವಳದೇ ಸಂಖ್ಯೆ ಹಾಕಿಸು ಎಂದು ನನಗೆ ಆಜ್ಞೆಯಾಯಿತು. ಅಣ್ಣನಾಗಿ ನಾನು ಅಷ್ಟನ್ನಾದರೂ ಯೋಚಿಸಿರಬೇಕಿತ್ತು.

ಅರ್ಜಿ ಮುಗಿದು ನಾವು ಎದ್ದಮೇಲೆ ಅಕ್ಕ ತಂಗಿಯನ್ನು ಕೇಳಿದರು: "ಹತ್ತನೆಯ ತರಗತಿ ಎಲ್ಲಿ ಓದಿದ್ದು? ಸರ್ಕಾರಿಯಾ? ಪಿಯುಸಿಯೂ ಸರ್ಕಾರಿಯಾ?" ಹೌದು ಎಂದಳು. "ಹಾಗಾದರೆ ಇನ್ನೊಂದು ಇದೆ, ಕೂತುಕೋ."

ಅಜೀಂ ಪ್ರೇಮ್‌ಜಿ ಫೌಂಡೇಶನ್ನಿನ ವಿದ್ಯಾರ್ಥಿವೇತನ ಅದು. ಹತ್ತು ಮತ್ತು ಹನ್ನೆರಡನೆಯ ತರಗತಿಗಳನ್ನು ಸರ್ಕಾರಿ ಶಾಲೆ-ಕಾಲೇಜಿನಲ್ಲಿ ಮುಗಿಸಿ ಪದವಿ ಅಥವಾ ಡಿಪ್ಲೊಮಾದ ಮೊದಲ ವರ್ಷಕ್ಕೆ ಸೇರಿದ ಹುಡುಗಿಯರಿಗೆ ವರ್ಷಕ್ಕೆ 30,000 ರೂಪಾಯಿ, ಓದು ಮುಗಿಯುವವರೆಗೆ. ಅರ್ಜಿಗೆ ಶುಲ್ಕವಿಲ್ಲ. ನಾನು ದಿನಪತ್ರಿಕೆ ಓದುವವನು, ಮೊಬೈಲು ಕೈಬಿಡದವನು; ನನ್ನ ಗಮನಕ್ಕೆ ಬಂದಿರಲಿಲ್ಲ. ಆರು ವರ್ಷದ ಹಿಂದೆ ಕಿವಿಗೆ ಇಯರ್‌ಫೋನ್ ಸಿಕ್ಕಿಸಿಕೊಂಡಿದ್ದ ಹುಡುಗ ನನ್ನನ್ನು ಕೇಳದೆ ಬಿಟ್ಟದ್ದು ಇಂಥ ಒಂದು ಪ್ರಶ್ನೆಯನ್ನೇ. ಅಕ್ಕ ಮಾರುವುದು ಆ ಪ್ರಶ್ನೆಯನ್ನು ಎನ್ನಬಹುದು. ಜೆರಾಕ್ಸ್ ಎಲ್ಲಿ ಬೇಕಾದರೂ ಸಿಗುತ್ತದೆ.

ಅವರ ಕೈಗೂ ಎಟುಕದ್ದು ಇದೆ. ರೈತರ ಮಕ್ಕಳಿಗೆ ಸರ್ಕಾರ 2021ರಲ್ಲಿ ‘ರೈತ ವಿದ್ಯಾನಿಧಿ’ ತಂದಿತು. ಪದವಿ ಓದುವ ಹುಡುಗರಿಗೆ 5,000, ಹುಡುಗಿಯರಿಗೆ 5,500 ಎಂದು ನಿಗದಿಯಾಗಿತ್ತು. ನಾನು ಆಗ ಕೊನೆಯ ವರ್ಷದಲ್ಲಿದ್ದೆ. ಕುಣಿದುಕೊಂಡು ಅಂಗಡಿಗೆ ಹೋದೆ. ಅದಕ್ಕೆ ಎಫ್‌ಐಡಿ, ಅಂದರೆ ಸರ್ಕಾರದಲ್ಲಿ ನೋಂದಾಯಿಸಿದ ರೈತನ ಗುರುತಿನ ಸಂಖ್ಯೆ ಬೇಕು. ಎಫ್‌ಐಡಿಗೆ ಪಹಣಿ ಬೇಕು. ಪಹಣಿಗೆ ಹಕ್ಕುಪತ್ರ ಬೇಕು. ಹಕ್ಕುಪತ್ರ ಎಂಬುದು ಅಜ್ಜನ ಕಾಲದಿಂದ ಬರುತ್ತಲೇ ಇದೆ. ಮುಕ್ಕಾಲು ಎಕರೆಯ ಅಡಿಕೆಗೆ ಔಷಧಿ ಹೊಡೆದು ಕೈಯೆಲ್ಲ ನೀಲಿಯಾದ ಅಪ್ಪ ದಾಖಲೆಯಲ್ಲಿ ರೈತನಲ್ಲ. ಅಕ್ಕ ಪರದೆಯನ್ನು ಒಂದಷ್ಟು ಹೊತ್ತು ನೋಡಿ, "ಇದು ನನ್ನಿಂದ ಆಗುವುದಿಲ್ಲ ತಮ್ಮಾ" ಎಂದು ದುಡ್ಡು ತೆಗೆದುಕೊಳ್ಳದೆ ಕಳಿಸಿದರು. ಆಗುವುದಿಲ್ಲ ಎನ್ನುವುದನ್ನು ನೇರವಾಗಿ ಹೇಳುವುದೂ ಒಂದು ಸೇವೆಯೇ. ಮಾಡಿಸಿಕೊಡುತ್ತೇವೆ ಎಂದು ಐನೂರು ಮುಂಗಡ ಪಡೆಯುವವರಿಗೆ ಬರವಿಲ್ಲ.

ಒಂದು ವಿಷಯ ಹೇಳಿಬಿಡುತ್ತೇನೆ, ಇದು ಅಂಗಡಿಗೆ ಸಂಬಂಧಿಸಿದ್ದಲ್ಲ. ನಾನು ಇದುವರೆಗೆ ತುಂಬಿದ ಅರ್ಜಿಗಳಲ್ಲಿ ಜಾತಿ ಕೇಳಿದ್ದಾರೆ, ಆದಾಯ ಕೇಳಿದ್ದಾರೆ. ನಿಮ್ಮ ಮನೆಯಲ್ಲಿ ಇದಕ್ಕೆ ಮೊದಲು ಯಾರಾದರೂ ಕಾಲೇಜಿಗೆ ಹೋಗಿದ್ದಾರೆಯೇ ಎಂದು ಯಾರೂ ಕೇಳಿಲ್ಲ. ಪಕ್ಕದ ತಮಿಳುನಾಡಿನಲ್ಲಿ ಮನೆಯ ಮೊದಲ ಪದವೀಧರ ಎಂಬುದಕ್ಕೇ ಒಂದು ಪ್ರಮಾಣಪತ್ರ ಇದೆ, ಅದನ್ನು ತೋರಿಸಿದರೆ ವೃತ್ತಿಪರ ಕೋರ್ಸುಗಳಲ್ಲಿ ಬೋಧನಾ ಶುಲ್ಕದ ರಿಯಾಯಿತಿ ಸಿಗುತ್ತದೆ. ಮನೆಗೆ ಒಬ್ಬರಿಗೆ ಮಾತ್ರ. ಅದು ಇಲ್ಲಿದ್ದಿದ್ದರೆ ನನ್ನದೇ ಲೆಕ್ಕಕ್ಕೆ ಬಂದು ತಂಗಿಗೆ ತಪ್ಪುತ್ತಿತ್ತು. ಅವಳು ಅದನ್ನೇ ಹಿಡಿದು ನನ್ನೊಂದಿಗೆ ಒಂದು ಸಂಜೆ ಜಗಳವಾಡಿದಳು.

ಈಗ ನೋಟುಪುಸ್ತಕ.

ನೀಲಿ ರಟ್ಟಿನ ಉದ್ದ ಪುಸ್ತಕ, ಕಿರಾಣಿ ಅಂಗಡಿಯ ಸಾಲದ ಪುಸ್ತಕದಂತೆ. ಅದರಲ್ಲಿ ಅಂಗಡಿಗೆ ಬಂದ ಮಕ್ಕಳ ಹೆಸರು, ಮೊಬೈಲ್ ಸಂಖ್ಯೆ, ಜಾಲತಾಣದ ಪಾಸ್‌ವರ್ಡ್ ಎಲ್ಲ ಬರೆದಿದೆ. ಪುಸ್ತಕ ಇರುವುದು ಮೇಜಿನ ಮೇಲೆ, ಯಾರ ಕೈಗಾದರೂ ಸಿಗುವಂತೆ. ಮಕ್ಕಳು ಪಾಸ್‌ವರ್ಡ್ ಮರೆತು ಮರುವರ್ಷ ಅಳುತ್ತ ಬರುತ್ತಾರೆ, ಹಾಗಾಗಿ ಬರೆದಿಡುತ್ತೇನೆ ಎಂಬುದು ಅಕ್ಕನ ಸಮಾಧಾನ. ಅವರ ಪ್ರಾಮಾಣಿಕತೆಯ ಮೇಲೆ ನನಗೆ ಎಳ್ಳಷ್ಟೂ ಸಂಶಯವಿಲ್ಲ. ಆದರೆ ಬೆಂಚಿನಲ್ಲಿ ಕೂತ ಯಾರು ಬೇಕಾದರೂ ಮೊಬೈಲಿನಲ್ಲಿ ಪುಟದ ಫೋಟೊ ಹೊಡೆಯಬಹುದು. ಹುಡುಗಿಯರ ಫೋನ್ ಸಂಖ್ಯೆಗಳಿವೆ ಅಲ್ಲಿ. ನಾನು ಎರಡು ಸಲ ಹೇಳಿದೆ. ಎರಡನೆಯ ಸಲ, "ನೀನು ಮಂಡಿಯ ಲೆಕ್ಕ ನೋಡಿಕೋ" ಎಂದರು. ತಂಗಿಯ ಹೆಸರಿನ ಮುಂದೆ ಪಾಸ್‌ವರ್ಡ್ ಬರೆಯಲು ನಾನು ಬಿಡಲಿಲ್ಲ. ಅವಳು ತನ್ನದೇ ಪುಸ್ತಕದಲ್ಲಿ ಬರೆದುಕೊಂಡಳು. ಹೋಗುವವರು ಹಾಗೇ ಮಾಡಿ.

ಬೈಗುಳದ ಮಾತೂ ಇದೆ. ನಮ್ಮಂಥ ಹುಡುಗರಿಗೆ ಬೈದರೆ ಬೈಸಿಕೊಳ್ಳುತ್ತೇವೆ. ಒಮ್ಮೆ ತೀರ್ಥಹಳ್ಳಿ ಕಡೆಯಿಂದ ಮಗಳನ್ನು ಕರೆದುಕೊಂಡು ಬಂದಿದ್ದ ಹಿರಿಯರೊಬ್ಬರು ಜಾತಿ ಪ್ರಮಾಣಪತ್ರವನ್ನು ಉರುಟಾಗಿ ಸುತ್ತಿ ರಬ್ಬರ್ ಬ್ಯಾಂಡ್ ಹಾಕಿ ತಂದಿದ್ದರು. ಕಾಗದ ಮೇಜಿನ ಮೇಲೆ ಮಲಗಲು ಒಪ್ಪದೆ ಮತ್ತೆ ಮತ್ತೆ ಸುತ್ತಿಕೊಳ್ಳುತ್ತಿತ್ತು. "ಇಷ್ಟೂ ತಿಳಿಯುವುದಿಲ್ಲವಾ ನಿಮಗೆ? ಇದೇನು ಬೀಡಿಯಾ?" ಎಂದು ಅಕ್ಕ ಎಲ್ಲರೆದುರು ಗದರಿದರು. ಅವರು ಏನೋ ನಗಲು ನೋಡಿದರು. ಮಗಳು ಅಪ್ಪನ ಮುಖ ನೋಡಲಿಲ್ಲ, ಚಪ್ಪಲಿ ನೋಡಿಕೊಂಡು ನಿಂತಳು. ದಿನಕ್ಕೆ ನೂರು ಜನರ ಜತೆ ಗಂಟಲು ಹರಿದುಕೊಳ್ಳುವವರಿಗೆ ಸಿಟ್ಟು ಬರುವುದು ಸಹಜ. ಆದರೂ ಆ ಹುಡುಗಿ ಮರುವರ್ಷ ಅಪ್ಪನನ್ನು ಕರೆದುಕೊಂಡು ಬರಲಾರಳು ಎಂದು ನನಗನ್ನಿಸಿತು. ಅರ್ಜಿಯಲ್ಲಿ ಒಂದು ಅಕ್ಷರ ತಪ್ಪದ ಅಕ್ಕ ಇಲ್ಲಿ ತಪ್ಪಿದರು.

ಉಳಿದದ್ದು ಚಿಲ್ಲರೆ ದೂರುಗಳು. ಕರೆಂಟು ಹೋದರೆ ಒಂದೇ ಕಂಪ್ಯೂಟರಿಗೆ ಯುಪಿಎಸ್. ಕುಡಿಯುವ ನೀರಿಲ್ಲ. ಬೆಂಚಿನ ಒಂದು ಕಾಲು ಗಿಡ್ಡ, ಮೂರನೆಯವರು ಕೂತರೆ ಮೊದಲನೆಯವರು ಎಚ್ಚರದಿಂದಿರಬೇಕು. ಅಮಾವಾಸ್ಯೆಯಂದು ರಜೆ, ಕೊನೆಯ ದಿನಾಂಕ ಅಂದೇ ಬಿದ್ದರೂ ರಜೆ. ಪಂಚಾಂಗ ನೋಡಿಕೊಂಡು ಹೋಗಿ.

ಹೋಗುವವರು ಬೆಳಿಗ್ಗೆ ಹತ್ತರೊಳಗೆ ಹೋಗಿ, ಮಧ್ಯಾಹ್ನದ ಮೇಲೆ ಕಾಲೇಜು ಬಿಟ್ಟ ಮಕ್ಕಳ ಜಾತ್ರೆ. ಎಸ್‌ಎಸ್‌ಎಲ್‌ಸಿ ಮತ್ತು ಪಿಯುಸಿ ಅಂಕಪಟ್ಟಿ, ಆಧಾರ್, ಜಾತಿ ಮತ್ತು ಆದಾಯ ಪ್ರಮಾಣಪತ್ರ, ಕಾಲೇಜಿನ ಶುಲ್ಕದ ರಸೀದಿ, ಮೂಲ ಪ್ರತಿಗಳನ್ನೇ ಒಯ್ಯಿರಿ. ಮಡಚದೆ, ಸುತ್ತದೆ, ಗಟ್ಟಿ ರಟ್ಟಿನ ಫೈಲಿನಲ್ಲಿ. ಆಧಾರಿನಲ್ಲಿಯೂ ಅಂಕಪಟ್ಟಿಯಲ್ಲಿಯೂ ಹೆಸರಿನ ಇಂಗ್ಲಿಷ್ ಕಾಗುಣಿತ ಒಂದೇ ಇದೆಯೇ ಎಂದು ಮನೆಯಲ್ಲೇ ನೋಡಿಕೊಳ್ಳಿ. ಚಿಲ್ಲರೆ ಇರಲಿ. ಅಪ್ಪನ ಫೋನಿಗೆ ಒಟಿಪಿ ಬರುವುದಾದರೆ ಹಿಂದಿನ ರಾತ್ರಿಯೇ ಹೇಳಿಟ್ಟು, ಕಂಬಳಿಕೊಪ್ಪೆ ಹಾಕಿಕೊಂಡು ಮರದ ಹತ್ತಿರ ಇರಲು ತಿಳಿಸಿ. ಏಳೂಕಾಲಕ್ಕೆ ಶಟರ್ ಅರ್ಧ ಎತ್ತಿಸಲು ಮುನ್ನಾದಿನ ಅಕ್ಕನಿಗೆ ಹೇಳಿದರೆ ಸಾಕು, ಅದಕ್ಕೆ ಬೇರೆ ದರವಿಲ್ಲ.